ಭೂ ದಾಖಲೆಗಳಲ್ಲಿ ಬಳಕೆಯಾಗುವ ಕ್ಲಿಷ್ಟ ಆಂಗ್ಲ ಪದಗಳು: ಉಚ್ಚಾರಣೆ ಮತ್ತು ಅರ್ಥ

ತುಮಕೂರು ಜಿಲ್ಲೆಯ ಚಿಕ್ಕನಾಯಕನಹಳ್ಳಿ ತಾಲ್ಲೂಕಿನ ಬೋರನಕಣಿವೆ ಹಾಗೂ ನೆರೆಯ ತಿಪಟೂರು, ತುರುವೇಕೆರೆ ತಾಲ್ಲೂಕುಗಳಲ್ಲಿ ತೆಂಗಿನ ತೋಟವೇ ಅನೇಕ ಕುಟುಂಬಗಳ ಮುಖ್ಯ ಆಸ್ತಿಯಾಗಿದೆ. ತೋಟದ ಕ್ರಯ, ವಿಭಾಗ, ಸಾಲ ಮುಂತಾದ ಕಾಗದಪತ್ರಗಳಲ್ಲಿನ ಆಂಗ್ಲ ಪದಗಳ ಅರ್ಥ ತಿಳಿಯದೆ ಸಹಿ ಮಾಡಿದಲ್ಲಿ ಹಕ್ಕಿಗೆ ಚ್ಯುತಿ ಬರಬಹುದು. ಅರ್ಜಿದಾರರ ಅನುಕೂಲಕ್ಕಾಗಿ ಅಂತಹ ಕೆಲವು ಪದಗಳನ್ನು ಕೆಳಗೆ ವಿವರಿಸಲಾಗಿದೆ.

1. ಮ್ಯುಟೇಷನ್
ಉಚ್ಚಾರಣೆ: ಮ್ಯು-ಟೇ-ಷನ್, ‘ಟೇ’ ಮೇಲೆ ಒತ್ತು.
ಅರ್ಥ: ಹಕ್ಕು ಬದಲಾವಣೆಯನ್ನು ಕಂದಾಯ ದಾಖಲೆಯಲ್ಲಿ ನಮೂದಿಸುವುದು. ಖಾತೆದಾರರ ಮರಣಾನಂತರ ವಾರಸುದಾರರ ಹೆಸರಿಗೆ ಆಗುವ ಬದಲಾವಣೆಯೇ ಪೌತಿ ಖಾತೆ. ಕರ್ನಾಟಕ ಭೂ ಕಂದಾಯ ಅಧಿನಿಯಮ, 1964ರ 128ನೇ ಪ್ರಕರಣದಂತೆ ವಾರಸಾ ಹಕ್ಕು ಪಡೆದವರು 3 ತಿಂಗಳೊಳಗೆ ವರದಿ ಮಾಡತಕ್ಕದ್ದು.

2. ಇಂಟೆಸ್ಟೇಟ್
ಉಚ್ಚಾರಣೆ: ಇನ್-ಟೆಸ್-ಟೇಟ್.
ಅರ್ಥ: ಮರಣಶಾಸನ ಬರೆಯದೆ ಮೃತಪಟ್ಟ. ಹಿಂದೂ ಉತ್ತರಾಧಿಕಾರ ಅಧಿನಿಯಮ, 1956ರ ಮೇರೆಗೆ ಮೃತ ಪುರುಷನ ಪತ್ನಿ, ತಾಯಿ, ಗಂಡುಮಕ್ಕಳು ಹಾಗೂ ಹೆಣ್ಣುಮಕ್ಕಳು ಮೊದಲನೇ ವರ್ಗದ ವಾರಸುದಾರರಲ್ಲಿ ಸೇರುತ್ತಾರೆ. ವಿವಾಹಿತ ಪುತ್ರಿಯರ ಹೆಸರನ್ನು ವಂಶವೃಕ್ಷದಿಂದ ಕೈಬಿಡತಕ್ಕದ್ದಲ್ಲ.

3. ಎನ್‌ಕಂಬ್ರನ್ಸ್
ಉಚ್ಚಾರಣೆ: ಎನ್-ಕಂ-ಬ್ರನ್ಸ್, ‘ಕಂ’ ಮೇಲೆ ಒತ್ತು.
ಅರ್ಥ: ಋಣಭಾರ. ಉಪ ನೋಂದಣಾಧಿಕಾರಿಗಳ ಕಚೇರಿಯಿಂದ ದೊರೆಯುವ ಪ್ರಮಾಣಪತ್ರದಲ್ಲಿ ವಹಿವಾಟುಗಳಿದ್ದರೆ ನಮೂನೆ 15, ಇಲ್ಲದಿದ್ದರೆ ನಮೂನೆ 16. ಕೋರಿದ ಅವಧಿಯ ನೋಂದಾಯಿತ ವಹಿವಾಟುಗಳು ಮಾತ್ರ ಇದರಲ್ಲಿ ಕಾಣುತ್ತವೆ. ಬಾಯಿಮಾತಿನ ಕರಾರು ಕಾಣುವುದಿಲ್ಲವಾದ್ದರಿಂದ ಖರೀದಿದಾರರು ಸ್ಥಳದಲ್ಲಿಯೂ ವಿಚಾರಿಸತಕ್ಕದ್ದು.

4. ಯೂಸುಫ್ರಕ್ಚುಅರಿ ಮಾರ್ಗೇಜ್
ಉಚ್ಚಾರಣೆ: ಯೂ-ಸು-ಫ್ರಕ್-ಚು-ಅರಿ, ‘ಫ್ರಕ್’ ಮೇಲೆ ಒತ್ತು. ‘ಮಾರ್ಗೇಜ್’ ಪದದ ಆಂಗ್ಲ ಕಾಗುಣಿತದಲ್ಲಿರುವ ‘ಟಿ’ ಅಕ್ಷರವನ್ನು ಉಚ್ಚರಿಸುವುದಿಲ್ಲ.
ಅರ್ಥ: ಭೋಗ್ಯದ ಅಡಮಾನ. ಸಾಲ ಕೊಟ್ಟವರು ತೋಟವನ್ನು ಸ್ವಾಧೀನಕ್ಕೆ ಪಡೆದು, ಅದರ ಫಸಲನ್ನು ಬಡ್ಡಿಗೆ ಅಥವಾ ಅಸಲಿಗೆ ಜಮಾ ಮಾಡಿಕೊಳ್ಳುತ್ತಾರೆ. ಮಾಲೀಕತ್ವ ಸಾಲಗಾರರಲ್ಲೇ ಉಳಿಯುತ್ತದೆ. ಸ್ವತ್ತು ವರ್ಗಾವಣೆ ಅಧಿನಿಯಮ, 1882ರ 59ನೇ ಪ್ರಕರಣದನ್ವಯ ಅಸಲು ರೂ. 100 ಅಥವಾ ಮೇಲ್ಪಟ್ಟಿದ್ದಲ್ಲಿ ಇಂತಹ ಪತ್ರಕ್ಕೆ ನೋಂದಣಿ ಅಗತ್ಯ. ಪತ್ರದ ಶೀರ್ಷಿಕೆ ಭೋಗ್ಯವೋ ಕ್ರಯವೋ ಎಂಬುದನ್ನು ಸಹಿಗೆ ಮುನ್ನ ಓದಿಸಿ ಕೇಳತಕ್ಕದ್ದು.

5. ಈಸ್‌ಮೆಂಟ್
ಉಚ್ಚಾರಣೆ: ಈಜ್-ಮೆಂಟ್ ಎಂಬಂತೆ.
ಅರ್ಥ: ತನ್ನ ಜಮೀನಿನ ಅನುಭವಕ್ಕಾಗಿ ಪರರ ಜಮೀನಿನ ಮೇಲಿರುವ ಹಕ್ಕು. ಉದಾಹರಣೆಗೆ, ಒಳತೋಟದಿಂದ ಕಾಯಿ ಸಾಗಿಸುವ ಬಂಡಿದಾರಿ, ನೀರಿನ ಕಾಲುವೆ. 20 ವರ್ಷ ಅಡೆತಡೆಯಿಲ್ಲದೆ, ಬಹಿರಂಗವಾಗಿ, ಹಕ್ಕೆಂದು ಬಳಸಿದಲ್ಲಿ ಇದು ಪ್ರಾಪ್ತವಾಗಬಹುದು. ನೆರೆಯವರ ಅನುಮತಿ ಪಡೆದು ನಡೆದ ದಾರಿಗೆ ಇದು ಅನ್ವಯಿಸದು.

6. ಸ್ಲೂಸ್, ವಿಯರ್
ಉಚ್ಚಾರಣೆ: ‘ಸ್ಲೂಯಿಸ್’ ಅಲ್ಲ, ಸ್ಲೂಸ್, ‘ವೇರ್’ ಅಲ್ಲ, ವಿಯರ್.
ಅರ್ಥ: ಕೆರೆ, ಜಲಾಶಯಗಳಿಂದ ಕಾಲುವೆಗೆ ನೀರು ಬಿಡುವ ತೂಬು ಸ್ಲೂಸ್, ಹೆಚ್ಚುವರಿ ನೀರು ಹರಿದುಹೋಗುವ ಕೋಡಿ ವಿಯರ್. ನೀರಾವರಿ ಅರ್ಜಿಯಲ್ಲಿ ಇವೆರಡನ್ನು ಅದಲುಬದಲು ಮಾಡಬಾರದು.

ಸೂಚನೆ: ಖಾತೆಯಲ್ಲಿ ಹೆಸರು ಬಂದ ಮಾತ್ರಕ್ಕೆ ಮಾಲೀಕತ್ವ ಸೃಷ್ಟಿಯಾಗುವುದಿಲ್ಲ, ಮೂಲ ಪತ್ರಗಳನ್ನು ಜೋಪಾನವಾಗಿ ಇರಿಸಿಕೊಳ್ಳತಕ್ಕದ್ದು.