ನೀರಿಗೆ ಬಿಟ್ಟ ಗೊಂಬೆ, ಗಾಜಿನೊಳಗಿನ ಗೊಂಬೆ

ಮಳೆ ಕೈಕೊಟ್ಟ ವರ್ಷ ತೊಗಲುಗೊಂಬೆಯವರನ್ನು ಕರೆಸಿ ಆಟ ಆಡಿಸುವುದು ಬಯಲುಸೀಮೆಯ ಹಳ್ಳಿಗಳ ಹಳೆಯ ರೂಢಿ. ಆಟವಾದರೆ ಮಳೆ ಬರುತ್ತದೆ, ಜನ-ದನಗಳ ಕಾಯಿಲೆ ತೊಲಗುತ್ತದೆ ಎಂಬುದು ನಂಬಿಕೆ. ಪಾಳೆಯಗಾರ ಭರಮಣ್ಣ ನಾಯಕನ ಹೆಸರು ಹೊತ್ತ ಭರಮಸಾಗರದಂಥ, ಕೆರೆಯ ಮುಖ ನೋಡಿ ಬದುಕುವ ಊರುಗಳ ಸೀಮೆಯಲ್ಲಿ ಇಂಥ ನಂಬಿಕೆ ಹುಟ್ಟಿದ್ದು ಸಹಜವೇ.

ಚಿತ್ರದುರ್ಗ, ಬಳ್ಳಾರಿ, ಕೊಪ್ಪಳದ ಕಡೆ ಈ ಆಟವನ್ನು ಉಳಿಸಿಕೊಂಡು ಬಂದವರು ಕಿಳ್ಳೇಕ್ಯಾತರು. ಶಿಳ್ಳೇಕ್ಯಾತರು ಎಂದೂ ಕರೆಯುವುದುಂಟು. ಹದ ಮಾಡಿದ ಮೇಕೆಯ ತೊಗಲನ್ನು ಬೆಳಕು ಹಾಯುವಷ್ಟು ತೆಳುವಾಗಿಸಿ, ಆಕಾರ ಕತ್ತರಿಸಿ, ಒಡವೆಗಳ ಜಾಗದಲ್ಲಿ ಸಣ್ಣ ತೂತು ಕೊರೆದು ಬಣ್ಣ ಹಚ್ಚುತ್ತಾರೆ. ಬಿಳಿ ಪರದೆ, ಅದರ ಹಿಂದೆ ದೀಪ, ಮದ್ದಳೆ, ತಾಳ, ಮಾತು, ಹಾಡು ಸೇರಿದಾಗಲೇ ಗೊಂಬೆ ಪೂರ್ಣ. ಇಂದಿನ ಕಲಾವಿಮರ್ಶಕರು ‘ಮಿಶ್ರ ಮಾಧ್ಯಮ’ ಎನ್ನುವುದನ್ನು ಈ ಮನೆತನಗಳು ಹೆಸರಿಡದೆಯೇ ಮಾಡಿಕೊಂಡು ಬಂದಿವೆ. ರಾಜರು, ದೇವರುಗಳ ಗೊಂಬೆ ದೊಡ್ಡದು, ಸಾಮಾನ್ಯರದು ಚಿಕ್ಕದು. ಕಪ್ಪು ಮೈಯ ಕಿಳ್ಳೇಕ್ಯಾತ ಮತ್ತು ಅವನ ಹೆಂಡತಿ ಬಂಗಾರಕ್ಕ ಬಂದರೆ ಜನ ನಗುತ್ತಾರೆ. ರಾಮ ಲಕ್ಷ್ಮಣರನ್ನು ಕದ್ದು ಪಾತಾಳಕ್ಕೆ ಒಯ್ಯುವ ಮೈರಾವಣ ಬಂದರೆ ಮಕ್ಕಳು ಹೆದರಿ ಅಮ್ಮನ ಸೆರಗು ಹಿಡಿಯುತ್ತಾರೆ.

ಗೊಂಬೆಗೆ ಜೀವವಿದೆ ಎಂದು ಆಡಿಸುವವರೂ ಭಾವಿಸುತ್ತಾರೆ. ರಾಕ್ಷಸರ ಗೊಂಬೆಗಳನ್ನು ದೇವರ ಗೊಂಬೆಗಳ ಜೊತೆ ಇಡಬಾರದು ಎಂಬ ಕಟ್ಟಳೆಯಿದೆ. ಹರಿದು ಸವೆದ ಗೊಂಬೆಯನ್ನು ಕಸಕ್ಕೆ ಎಸೆಯುವುದಿಲ್ಲ. ಸತ್ತವರಿಗೆ ಮಾಡುವಂತೆ ಪೂಜಿಸಿ ನೀರಿಗೆ ಬಿಡುತ್ತಾರೆ. ಹಳೆಯ ಗೊಂಬೆಗಳು ಹೆಚ್ಚಾಗಿ ಉಳಿಯದಿರಲು ಇದೂ ಒಂದು ಕಾರಣ.

ಅವನ್ನು ಉಳಿಸಲು ಹೊರಟವರು ಕಲಾವಿದ ಎಂ.ಎಸ್. ನಂಜುಂಡರಾವ್. ಬೆಂಗಳೂರಿನಲ್ಲಿ 1960ರಲ್ಲಿ ಹುಟ್ಟಿದ ಚಿತ್ರಕಲಾ ಪರಿಷತ್ತನ್ನು ಕಟ್ಟಿ ಬೆಳೆಸಿದ ಅವರು ತೊಗಲುಗೊಂಬೆಗಳನ್ನು ಸಂಗ್ರಹಿಸಿ, ಅವುಗಳ ಬಗ್ಗೆ ಬರೆದರು. ಈ ಸಂಗ್ರಹ ಪರಿಷತ್ತಿನಲ್ಲಿದೆ. ಅವರಿಲ್ಲದಿದ್ದರೆ ಎಷ್ಟೋ ಗೊಂಬೆಗಳನ್ನು ನಾವು ನೋಡುತ್ತಲೇ ಇರಲಿಲ್ಲ. ಆದರೆ ಗಾಜಿನೊಳಗಿನ ಗೊಂಬೆಗೆ ಸಾವಿಲ್ಲ, ಮಾತೂ ಇಲ್ಲ.

ಮಾತು ಉಳಿಸಿದವರ ದಾರಿ ಬೇರೆ. ಬಳ್ಳಾರಿಯ ಬೆಳಗಲ್ಲು ವೀರಣ್ಣ ರಾಮಾಯಣದ ಜೊತೆಗೆ ಗಾಂಧೀಜಿಯನ್ನೂ ಸ್ವಾತಂತ್ರ್ಯ ಹೋರಾಟವನ್ನೂ ಪರದೆಗೆ ತಂದರು. 2011ನೇ ಸಾಲಿನ ಸಂಗೀತ ನಾಟಕ ಅಕಾಡೆಮಿ ಪ್ರಶಸ್ತಿ ಪಡೆದ ಅವರು 2023ರ ಏಪ್ರಿಲ್‌ನಲ್ಲಿ ಚಳ್ಳಕೆರೆ ತಾಲ್ಲೂಕಿನಲ್ಲಿ ನಡೆದ ರಸ್ತೆ ಅಪಘಾತದಲ್ಲಿ ತೀರಿಕೊಂಡರು. ಕೊಪ್ಪಳ ಜಿಲ್ಲೆ ಮೊರನಾಳದ ಭೀಮವ್ವ ದೊಡ್ಡಬಾಳಪ್ಪ ಶಿಳ್ಳೇಕ್ಯಾತರ ಅವರಿಗೆ ಪದ್ಮಶ್ರೀ ಬಂದದ್ದು 2025ರಲ್ಲಿ. ಆಗ ಅವರ ವಯಸ್ಸು 96.

2021ರಲ್ಲಿ ಏತ ನೀರಾವರಿಯಿಂದ ತುಂಗಭದ್ರೆಯ ನೀರು ಭರಮಸಾಗರದ ಕೆರೆಗೆ ಬಂತು. ರೈತರಿಗೆ ಅದು ದೊಡ್ಡ ನೆಮ್ಮದಿ. ಆದರೆ ಮಳೆಗಾಗಿ ಗೊಂಬೆಯವರನ್ನು ಕರೆಸುವ ಕಾರಣ ಕರಗುತ್ತಿದೆ. ಇನ್ನು ಕರೆಸಬೇಕಾದರೆ ಆಟದ ಮೇಲಿನ ಪ್ರೀತಿಯಿಂದಲೇ ಕರೆಸಬೇಕು. ಒಂದು ರಾತ್ರಿಯ ಆಟಕ್ಕೆ ತಕ್ಕ ಸಂಭಾವನೆ ಕೊಟ್ಟು ಊರ ಜಾತ್ರೆಗೆ ಮೇಳವನ್ನು ಬರಮಾಡಿಕೊಂಡರೆ, ಹೊಸ ಗೊಂಬೆ ಕೊರೆಯಲು ಆ ಮನೆಗಳ ಮಕ್ಕಳಿಗೂ ಒಂದು ಕಾರಣ ಸಿಗುತ್ತದೆ.