ಮನೆಯ ಸಾಕ್ಷಿ, ಊರ ಸಾಕ್ಷಿ: ಕನ್ನಡ ಕಿರುತೆರೆಯ ದೀರ್ಘ ಸಂದರ್ಶನ, ತೊರಪಳ್ಳಿಯಿಂದ ಕಂಡಂತೆ

ದೀರ್ಘ ಸಂದರ್ಶನದ ಗುಣವನ್ನು ತೀರ್ಮಾನಿಸುವುದು ಪ್ರಶ್ನೆಗಳು ಮಾತ್ರವಲ್ಲ. ಅತಿಥಿಯ ಬಗ್ಗೆ ಸಾಕ್ಷಿ ನುಡಿಯಲು ಯಾರನ್ನು ಕರೆಯಲಾಗಿದೆ ಎಂಬುದೂ ಅಷ್ಟೇ ಮುಖ್ಯ. ಕನ್ನಡದ ದೀರ್ಘ ಸಂದರ್ಶನವು ಮನೆಯ ಸಾಕ್ಷಿಯನ್ನು ಸಮೃದ್ಧವಾಗಿ ಬೆಳೆಸಿದೆ, ಊರ ಸಾಕ್ಷಿಗೆ ಇನ್ನೂ ಜಾಗ ಮಾಡಿಲ್ಲ ಎಂಬುದು ಈ ಲೇಖನದ ವಾದ.

ಜೀ ಕನ್ನಡದ ‘ವೀಕೆಂಡ್ ವಿತ್ ರಮೇಶ್’ 2014ರ ಆಗಸ್ಟ್‌ನಲ್ಲಿ ಪುನೀತ್ ರಾಜ್‌ಕುಮಾರ್ ಅವರೊಂದಿಗೆ ಆರಂಭವಾಯಿತು. ನಿರೂಪಕ ರಮೇಶ್ ಅರವಿಂದ್ ಅವರ ಎದುರು ಸಾಧಕರ ಕುರ್ಚಿಯಲ್ಲಿ 2017ರಲ್ಲಿ ಸಿದ್ದರಾಮಯ್ಯ, 2019ರಲ್ಲಿ ವೀರೇಂದ್ರ ಹೆಗ್ಗಡೆ, 2023ರಲ್ಲಿ ಡಿ.ಕೆ. ಶಿವಕುಮಾರ್ ಕುಳಿತರು. ಒಡಹುಟ್ಟಿದವರು, ಮೇಷ್ಟ್ರು, ಬಾಲ್ಯದ ಗೆಳೆಯರು ಒಬ್ಬೊಬ್ಬರಾಗಿ ಬಂದು ನೆನಪು ಬಿಚ್ಚುತ್ತಾರೆ. ಈ ಮನೆಯ ಸಾಕ್ಷಿಯ ಬೆಲೆ ದೊಡ್ಡದು: ಶಾಲೆ, ಹಸಿವು, ಹಳ್ಳಿಮನೆಯ ವಿವರಗಳು ಅವರವರ ಸೀಮೆಯ ನುಡಿಯಲ್ಲೇ ದಾಖಲಾಗುತ್ತವೆ.

ಬೇರೆ ಮಾದರಿಗಳೂ ಇವೆ. 1959ರಲ್ಲಿ ಆರಂಭವಾದ ಬಿಬಿಸಿಯ ‘ಫೇಸ್ ಟು ಫೇಸ್’ನಲ್ಲಿ ಜಾನ್ ಫ್ರೀಮನ್ ಕ್ಯಾಮೆರಾಗೆ ಬೆನ್ನು ಹಾಕಿ ಕೂರುತ್ತಿದ್ದರು, ಅತಿಥಿಯ ಮುಖವೇ ಅಲ್ಲಿ ಸಾಕ್ಷಿ. 1977ರಲ್ಲಿ ಡೇವಿಡ್ ಫ್ರಾಸ್ಟ್ ವಾಟರ್‌ಗೇಟ್ ಕುರಿತು ಅಮೆರಿಕದ ಮಾಜಿ ಅಧ್ಯಕ್ಷ ನಿಕ್ಸನ್ ಅವರನ್ನು ಕೆಣಕಿದ್ದು ಅವರ ಕಚೇರಿಯ ಧ್ವನಿಮುದ್ರಿಕೆಗಳ ಬರಹರೂಪ ಹಿಡಿದು. ಅಲ್ಲಿ ಕಡತವೇ ಸಾಕ್ಷಿ.

ತೊರಪಳ್ಳಿಯಿಂದ ನೋಡಿದರೆ ನಾಲ್ಕನೆಯ ಸಾಕ್ಷಿಯೊಂದು ಕಾಣುತ್ತದೆ: ಊರ ಸಾಕ್ಷಿ. ಮೈಸೂರಿನಿಂದ ತಮಿಳುನಾಡಿನ ಗೂಡಲೂರಿಗೆ ಬರುವ ರಸ್ತೆಯಲ್ಲಿ ಮುದುಮಲೆ ಕಾಡು ಮುಗಿಯುವಲ್ಲಿರುವ ಊರು ಇದು. ತಮಿಳು, ಮಲಯಾಳ, ಕನ್ನಡ ಕೂಡಿ ಬಾಳುವ ಸೀಮೆ. ವನ್ಯಜೀವಿಗಳ ರಕ್ಷಣೆಗಾಗಿ 2009ರಲ್ಲಿ ಚಾಮರಾಜನಗರ ಜಿಲ್ಲಾಡಳಿತ ಈ ರಸ್ತೆಯೂ ಸೇರಿದಂತೆ ಬಂಡೀಪುರದ ಹೆದ್ದಾರಿಗಳಲ್ಲಿ ರಾತ್ರಿ 9ರಿಂದ ಬೆಳಿಗ್ಗೆ 6ರವರೆಗೆ ವಾಹನ ಸಂಚಾರ ನಿಷೇಧಿಸಿತು. 2010ರಲ್ಲಿ ಕರ್ನಾಟಕ ಹೈಕೋರ್ಟ್ ಅದನ್ನು ಎತ್ತಿಹಿಡಿಯಿತು. ಆನೆ, ಜಿಂಕೆಗಳ ಜೀವ ಉಳಿಸುವ ಈ ಕ್ರಮ ಅಗತ್ಯವೇ. ಆದರೂ ಮೈಸೂರಿಗೆ ಹೋದವರು ಹೊತ್ತಿಗೆ ಮುಂಚೆಯೇ ಊರಿಗೆ ಹೊರಡಲೇಬೇಕು. ಇಲ್ಲಿನವರ ಮತ ತಮಿಳುನಾಡಿನಲ್ಲಿ; ಅವರ ರಾತ್ರಿಯ ದಾರಿಯನ್ನು ನಿರ್ಧರಿಸುವುದು ಕರ್ನಾಟಕ.

ಕಲಾವಿದರ ಬದುಕಿಗೆ ಮನೆಯ ಸಾಕ್ಷಿ ಬಹುಮಟ್ಟಿಗೆ ಸಾಕು. ಅಧಿಕಾರ ನಡೆಸಿದವರಿಗೆ ಸಾಲದು; ಅವರ ಬದುಕು ಅವರು ಎಂದೂ ಭೇಟಿಯಾಗದ ಜನರ ದಿನಚರಿಯೊಳಗೂ ಹರಿದಿರುತ್ತದೆ. ಬಾಲ್ಯದ ಗೆಳೆಯ ಬಂದುಹೋದ ವೇದಿಕೆಗೆ ತೊರಪಳ್ಳಿಯ ಪ್ರಯಾಣಿಕ, ಅರಣ್ಯ ಕಾವಲುಗಾರ ಇಬ್ಬರೂ ಬರಬೇಕು. ಆಗ ರಾಜಕಾರಣಿಯ ಜೀವನಕಥೆ ನಾಡಿನ ಚರಿತ್ರೆಗೂ ಆಕರವಾಗುತ್ತದೆ.