ಮಿಶ್ರ ಭಿನ್ನರಾಶಿಗಳ ವ್ಯವಕಲನ

ಪೂರ್ಣಾಂಕವೂ ಭಿನ್ನರಾಶಿಯೂ ಕೂಡಿದ ಸಂಖ್ಯೆಗೆ ಮಿಶ್ರ ಭಿನ್ನರಾಶಿ ಎಂದು ಹೆಸರು. ಛೇದಗಳು ಬೇರೆಬೇರೆಯಾಗಿರುವ ಇಂಥ ಎರಡು ಸಂಖ್ಯೆಗಳಲ್ಲಿ ಒಂದರಿಂದ ಇನ್ನೊಂದನ್ನು ಕಳೆಯಬೇಕಾದರೆ ಮೊದಲು ಛೇದಗಳನ್ನು ಸಮ ಮಾಡಿಕೊಳ್ಳಬೇಕು. ತೊಡಕೆಲ್ಲ ಅಲ್ಲೇ ಇದೆ. ಆದ್ದರಿಂದ ಈ ಲೆಕ್ಕದ ಇತಿಹಾಸ ಬಹುಮಟ್ಟಿಗೆ ಸಮಚ್ಛೇದದ ಇತಿಹಾಸ.

ಸು. ಕ್ರಿ.ಪೂ. 1550ರ ಈಜಿಪ್ಟಿನ ರಿಂಡ್ ಪಪೈರಸ್‌ನಲ್ಲಿ 2/3ನ್ನು ಬಿಟ್ಟರೆ ಉಳಿದ ಭಿನ್ನಗಳನ್ನೆಲ್ಲ ಅಂಶ 1 ಆಗಿರುವ ತುಂಡುಗಳ ಮೊತ್ತವಾಗಿ ಬರೆದಿದೆ. ಬ್ಯಾಬಿಲೋನಿಯದವರು 60ರ ಘಾತಗಳನ್ನೇ ಛೇದವಾಗಿಟ್ಟುಕೊಂಡರು. ಅಂಶ ಯಾವುದೇ ಇರಲಿ, ಛೇದ ಯಾವುದೇ ಇರಲಿ, ಒಂದರ ಕೆಳಗೊಂದು ಬರೆದು ಲೆಕ್ಕ ಮಾಡುವ ಪದ್ಧತಿ ಬೆಳೆದದ್ದು ಭಾರತದಲ್ಲಿ. 1881ರಲ್ಲಿ ಪೆಶಾವರದ ಬಳಿ ಸಿಕ್ಕ ಬಕ್ಷಾಲಿ ಹಸ್ತಪ್ರತಿಯಲ್ಲಿ ಪೂರ್ಣಾಂಕ ಮೇಲೆ, ಅಂಶ ನಡುವೆ, ಛೇದ ಕೆಳಗೆ ಇದೆ. ನಡುವೆ ಗೆರೆ ಇಲ್ಲ. ಕಳೆಯಬೇಕಾದ ಸಂಖ್ಯೆಯ ಪಕ್ಕದಲ್ಲಿ, ಇಂದಿನ ಓದುಗರಿಗೆ ಅಚ್ಚರಿಯಾಗುವಂತೆ, ‘+’ ಗುರುತಿದೆ! ಅಂಶ ಛೇದಗಳ ನಡುವಣ ಗೆರೆ 12ನೆಯ ಶತಮಾನದ ಹೊತ್ತಿಗೆ ಉತ್ತರ ಆಫ್ರಿಕದ ಅರಬ್ಬೀ ಗಣಿತ ಗ್ರಂಥಗಳಲ್ಲಿ ಕಾಣಿಸುತ್ತದೆ.

ಛೇದಗಳನ್ನು ಸಮ ಮಾಡುವ ಕ್ರಿಯೆಗೆ ನಮ್ಮ ಹಳೆಯ ಗಣಿತಜ್ಞರು ಕೊಟ್ಟ ಹೆಸರು ‘ಕಲಾಸವರ್ಣ’. ಕಲಾ ಎಂದರೆ ಭಾಗ. ಭಾಗಗಳನ್ನೆಲ್ಲ ಒಂದೇ ಬಣ್ಣಕ್ಕೆ ತರುವುದು. ಇಷ್ಟು ಸೊಗಸಾದ ಪಾರಿಭಾಷಿಕ ಪದ ಗಣಿತದಲ್ಲಿ ವಿರಳ. 628ರಲ್ಲಿ ಬ್ರಹ್ಮಗುಪ್ತ ಹೇಳಿದ ನಿಯಮದಂತೆ ಒಂದರ ಛೇದದಿಂದ ಇನ್ನೊಂದರ ಅಂಶ ಛೇದಗಳೆರಡನ್ನೂ ಗುಣಿಸಬೇಕು. 7 1/12ರಿಂದ 3 5/18ನ್ನು ಕಳೆಯುವುದಾದರೆ, ಮೊದಲು 85/12 ಮತ್ತು 59/18. ಗುಣಿಸಿದ ಮೇಲೆ 1530/216 ಮತ್ತು 708/216. ಉಳಿಯುವುದು 822/216. ಉತ್ತರ ಸರಿ, ಆದರೆ ಸಂಖ್ಯೆಗಳು ಸುಮ್ಮನೆ ಉಬ್ಬಿವೆ.

ಈ ಉಬ್ಬರವನ್ನು ಇಳಿಸಿದವನು ಮಹಾವೀರಾಚಾರ್ಯ. ರಾಷ್ಟ್ರಕೂಟ ದೊರೆ ಅಮೋಘವರ್ಷ ನೃಪತುಂಗನ ಕಾಲದಲ್ಲಿ, ಸು. 850ರಲ್ಲಿ, ಅವನು ಸಂಸ್ಕೃತದಲ್ಲಿ ರಚಿಸಿದ ‘ಗಣಿತಸಾರಸಂಗ್ರಹ’ದಲ್ಲಿ ‘ನಿರುದ್ಧ’ದ ವಿವರಣೆಯಿದೆ: ಛೇದಗಳ ಸಾಮಾನ್ಯ ಅಪವರ್ತನಗಳನ್ನೂ ಕೊನೆಗೆ ಉಳಿದ ಭಾಗಲಬ್ಧಗಳನ್ನೂ ಗುಣಿಸಿದರೆ ಬರುವ ಸಂಖ್ಯೆ. ಇಂದು ಶಾಲೆಯಲ್ಲಿ ಮಕ್ಕಳು ಲ.ಸಾ.ಅ. ಎನ್ನುವುದು ಇದನ್ನೇ. 12 ಮತ್ತು 18ರ ನಿರುದ್ಧ 36. ಆಗ 7 3/36ರಿಂದ 3 10/36 ಕಳೆಯಬೇಕು. 3ರಲ್ಲಿ 10 ಹೋಗದು. 7ರಿಂದ ಒಂದನ್ನು ತಂದು 36/36 ಮಾಡಿದರೆ 6 39/36. ಉತ್ತರ 3 29/36. ಭಾರತೀಯ ಗಣಿತಜ್ಞರಲ್ಲಿ ಈ ಹತ್ತಿರದ ದಾರಿಯನ್ನು ಮೊದಲು ಹೇಳಿದವನು ಇವನೇ ಎಂದು ಗಣಿತದ ಇತಿಹಾಸಕಾರರು ಗುರುತಿಸಿದ್ದಾರೆ. ಪೂರ್ಣಾಂಕಕ್ಕೆ ಭಾಗವನ್ನು ಕೂಡಿಸುವುದಕ್ಕೆ ಭಾಗಾನುಬಂಧ, ಅದರಿಂದ ಭಾಗವನ್ನು ತೆಗೆಯುವುದಕ್ಕೆ ಭಾಗಾಪವಾಹ ಎಂದು ಅವನು ಬೇರೆಬೇರೆ ನಿಯಮಗಳನ್ನೂ ಕೊಟ್ಟಿದ್ದಾನೆ.

ಸಂತೆ ಅಂಗಡಿಗಳ ಲೆಕ್ಕಕ್ಕೆ ನಿರುದ್ಧ ಅಷ್ಟಾಗಿ ಬೇಕಾಗಲಿಲ್ಲ. ಅರೆ, ಕಾಲು, ಮುಕ್ಕಾಲು, ವೀಸ (1/16) ಇವೆಲ್ಲ ಎರಡೆರಡಾಗಿ ಒಡೆದ ಭಾಗಗಳು. ಹದಿನಾರು ಆಣೆಯ ರೂಪಾಯಿಯೂ ಹಾಗೆಯೇ. ಐದೂಕಾಲು ರೂಪಾಯಿಯಲ್ಲಿ ಎರಡೂಮುಕ್ಕಾಲು ಕೊಟ್ಟರೆ ಉಳಿಯುವುದು ಎರಡೂವರೆ ಎಂದು ಮಗ್ಗಿ ಕಲಿತವರು ಬಾಯಲ್ಲೇ ಹೇಳುತ್ತಿದ್ದರು. 1957ರ ಏಪ್ರಿಲ್ 1ರಂದು ದಶಮಾಂಶ ನಾಣ್ಯ ಬಂದ ಮೇಲೆ ಆ ರೂಢಿ ಸಡಿಲವಾಯಿತು.

‘ಗಣಿತಸಾರಸಂಗ್ರಹ’ವನ್ನು ಎಂ. ರಂಗಾಚಾರ್ಯರು ಇಂಗ್ಲಿಷ್ ಅನುವಾದದೊಡನೆ ಸಂಪಾದಿಸಿದರು. ಅದು 1912ರಲ್ಲಿ ಮದರಾಸಿನಲ್ಲಿ ಅಚ್ಚಾಯಿತು.